ಎರಡನೇ ಬಾಗಿಲಿನ ಅಂದಾಜು

ಕಮಲಾಪುರ
೧೪ ನವೆಂಬರ್ ೨೦೨೪

ಸುಜಾತಾ,

ಇಲ್ಲಿ ಇಬ್ಬರೂ ಇದ್ದೇವೆ, ಓಡಾಡಿಕೊಂಡಿದ್ದೇವೆ. ನಿಮ್ಮವ್ವನ ಮೊಣಕಾಲು ಬೆಳಗಿನ ಚಳಿಗೆ ಹಿಡಿಯುತ್ತದೆ, ಬಿಸಿಲು ಏರಿದ ಮೇಲೆ ಬಿಡುತ್ತದೆ.

ಫೋನ್ ಮಾಡದೆ ಕಾಗದ ಬರೆಯುತ್ತಿದ್ದೇನೆ. ಕಲ್ಲು ಕೊರೆಯುವ ಮಷೀನಿನ ಮುಂದೆ ಅಷ್ಟು ವರ್ಷ ನಿಂತದ್ದಕ್ಕೆ ಎಡಗಿವಿ ಪೂರ್ತಿ ಹೋಗಿದೆ, ಬಲಗಿವಿ ಅರ್ಧ ಉಳಿದಿದೆ. ಫೋನಿನಲ್ಲಿ ಯಾರು ಏನು ಹೇಳಿದರೂ ನೊಣ ಹಾರಾಡಿದಂತೆ ಕೇಳುತ್ತದೆ. ನಾನು ಜೋರಾಗಿ ಮಾತಾಡಿದರೆ ಓಣಿಗೆ ಕೇಳುತ್ತದೆ, ಮನೆಯೊಳಗೂ ಕೇಳುತ್ತದೆ. ಕೆಂಪು ಬಾಳೆಯ ಗಾಡಿ ಓಡಿಸುವ ಶಫಿ ಕಲಬುರಗಿ ಮಾರುಕಟ್ಟೆಗೆ ಬರುತ್ತಿರುತ್ತಾನೆ. ಜಗತ್ ಸರ್ಕಲ್ ಹತ್ತಿರದ ನಿನ್ನ ಆಫೀಸು ಅವನಿಗೆ ಗೊತ್ತಂತೆ. ಉತ್ತರವನ್ನೂ ಅವನ ಕೈಯಲ್ಲೇ ಕೊಡು. ಮನೆಗೆ ಕಳಿಸಬೇಡ.

ನಿಮ್ಮವ್ವನ ಹೆಸರಿನಲ್ಲಿ ತೆಗೆದುಕೊಂಡ ಮೂವತ್ತು ನಲವತ್ತರ ಜಾಗ ನಿನಗೆ ನೆನಪಿರಬೇಕು. ಅಲ್ಲಿ ಮನೆ ಕಟ್ಟಬೇಕು ಅಂತ ತೀರ್ಮಾನ ಮಾಡಿದ್ದೇವೆ. ಬಾಡಿಗೆ ಮನೆಯಲ್ಲಿದ್ದು ಸಾಕಾಯಿತು. ಕಟ್ಟುವ ಖರ್ಚು ನನಗೆ ಗೊತ್ತು. ಸಿಮೆಂಟು, ಉಸುಕು, ಕಬ್ಬಿಣ, ನೆಲಕ್ಕೆ ಹಾಕುವ ಫರ್ಸಿ, ಆಳಿನ ಕೂಲಿ, ಎಲ್ಲ ಬಾಯಲ್ಲೇ ಹೇಳುತ್ತೇನೆ. ಆದರೆ ಪರವಾನಗಿಗೆ ಏನು ಖರ್ಚು ಬೀಳುತ್ತದೆ ಎಂಬುದು ಗೊತ್ತಿಲ್ಲ. ಕಲಬುರಗಿಯಲ್ಲಿ ಗೌಂಡಿ ಕೆಲಸ ಮಾಡಿ ಎಷ್ಟೋ ಮನೆ ಕಟ್ಟಿದೆ, ಒಂದರ ಕಾಗದವನ್ನೂ ಕಣ್ಣಿಂದ ನೋಡಲಿಲ್ಲ. ಮಾಲೀಕರು ಬಂದು "ಪರ್ಮಿಷನ್ ಆಗ್ಯಾದ, ಶುರು ಮಾಡು ದತ್ತಪ್ಪ" ಅನ್ನುತ್ತಿದ್ದರು, ಶುರು ಮಾಡುತ್ತಿದ್ದೆ. ಈಗ ಹಾಗೆ ಅನ್ನುವವರು ಯಾರೂ ಇಲ್ಲ.

ಮನೆಯ ನಕ್ಷೆ ಬರೆದು ಪರವಾನಗಿ ಮಾಡಿಸುವುದು ನಿನ್ನ ಆಫೀಸಿನ ಕೆಲಸವೇ. ಅದಕ್ಕೆ ನಿನ್ನನ್ನು ಕೇಳುತ್ತಿದ್ದೇನೆ. ನಾನು ಹಾಕಿದ ನಕ್ಷೆ ಜೊತೆಗಿದೆ. ಪಡಸಾಲೆ, ಅಡುಗೆಮನೆ, ಒಂದು ಕೋಣೆ. ಪೂರ್ವದ ಬದಿಗೆ ಇನ್ನೊಂದು ಕೋಣೆ. ಒಟ್ಟು ಎಂಟುನೂರು ಚದರ ಅಡಿ. ಅಂದಾಜು ಹಾಕಿ ಬರೆ.

ಮೂರು ವರ್ಷವಾಯಿತು, ನಿನ್ನ ಅಕ್ಷರ ನೋಡದೆ.

ನಿನ್ನ ಅಪ್ಪ,
ದತ್ತಪ್ಪ


ಕಲಬುರಗಿ
೨೩ ನವೆಂಬರ್ ೨೦೨೪

ಅಪ್ಪನವರಿಗೆ,

ಶಫಿ ಅಣ್ಣ ಕಾಗದ ತಂದುಕೊಟ್ಟರು. ಆಫೀಸಿನ ಬಾಗಿಲಲ್ಲೇ ನಿಂತು, "ನಿಮ್ಮಪ್ಪ ಇದನ್ನ ಎಷ್ಟ್ ಮುಚ್ಚಿ ಮುಚ್ಚಿ ಕೊಟ್ಟಾರ ನೋಡ್ ಬೇಟಿ, ಯಾರರ ನೋಡಿದ್ರ ನನ್ನ ಮ್ಯಾಲ ಶಕ್ ಮಾಡ್ತಾರ" ಎಂದು ನಕ್ಕು ಹೋದರು.

ನಕ್ಷೆ ನೋಡಿದೆ. ಅಳತೆಗಳು ಸರಿಯಾಗಿವೆ, ತಿದ್ದುವಂಥದ್ದು ಕಡಿಮೆ. ಅಂದಾಜು ಹೀಗಿದೆ. ದೊಡ್ಡ ಮೊತ್ತ ಕಾರ್ಮಿಕ ಸೆಸ್‌ನದು. ಕಟ್ಟಡದ ವೆಚ್ಚದಲ್ಲಿ ನೂರಕ್ಕೆ ಒಂದರಂತೆ ಕಟ್ಟಬೇಕು. ನಿಮ್ಮ ಮನೆಗೆ ಹದಿನಾಲ್ಕು ಲಕ್ಷ ಹಿಡಿದರೆ ಹದಿನಾಲ್ಕು ಸಾವಿರ. ನನ್ನ ಕಾಲೇಜಿಗೆ ನಿಮ್ಮ ಕಾರ್ಮಿಕ ಕಾರ್ಡಿನ ಮೇಲೆ ಸಹಾಯಧನ ಬರುತ್ತಿತ್ತಲ್ಲ, ಅದು ಇದೇ ದುಡ್ಡು. ಬೇರೆಯವರು ಮನೆ ಕಟ್ಟುವಾಗ ತುಂಬಿದ್ದು. ಅದರ ನಂತರ ಅಭಿವೃದ್ಧಿ ಶುಲ್ಕ, ನಕ್ಷೆ ಪರಿಶೀಲನೆ ಮತ್ತು ಪರವಾನಗಿ, ನೀರಿನ ಸಂಪರ್ಕದ ಠೇವಣಿ, ರಸ್ತೆಯ ಮೇಲೆ ಕಲ್ಲು ಉಸುಕು ಇಳಿಸುವುದಕ್ಕೆ ಸಣ್ಣ ಮೊತ್ತ. ಎಲ್ಲ ಸೇರಿ ಮೂವತ್ತಾರು ಸಾವಿರದ ಆಸುಪಾಸು. ಕಲಬುರಗಿಯ ದರ ಬೇರೆ, ಕಮಲಾಪುರದ್ದು ಬೇರೆ. ಅಲ್ಲಿಯ ಪಂಚಾಯತಿಯಲ್ಲಿ ಒಮ್ಮೆ ಕೇಳಿ ಬರೆಯಿರಿ, ಸರಿ ಮಾಡುತ್ತೇನೆ. ನಕ್ಷೆ ಬರೆಯುವ ಫೀ ಹಿಡಿದಿಲ್ಲ. ಅದನ್ನು ನಾನೇ ಬರೆಯುತ್ತೇನೆ, ನಮ್ಮ ಎಂಜಿನಿಯರ್ ಸಾಹೇಬರು ಸಹಿ ಮಾಡುತ್ತಾರೆ.

ಒಂದು ವಿಷಯ ತಿಳಿಯಲಿಲ್ಲ. ಪೂರ್ವದ ಕೋಣೆಗೆ ಮನೆಯೊಳಗಿನಿಂದ ಬಾಗಿಲಿಲ್ಲ. ಹೊರಗಿನಿಂದ ಬೇರೆ ಬಾಗಿಲು ಇಟ್ಟಿದ್ದೀರಿ, ಬಚ್ಚಲು ಇಟ್ಟಿದ್ದೀರಿ, ಮೂಲೆಯಲ್ಲಿ ಒಲೆಕಟ್ಟೆಯನ್ನೂ ಹಾಕಿದ್ದೀರಿ. ಬಾಡಿಗೆಗೆ ಕೊಡುವ ವಿಚಾರವಿದೆಯೇ? ಹಾಗಿದ್ದರೆ ಕಚೇರಿಯವರು ಅದನ್ನು ಎರಡನೇ ಮನೆ ಎಂದು ಲೆಕ್ಕ ಹಿಡಿಯುತ್ತಾರೆ, ಶುಲ್ಕ ಏರುತ್ತದೆ. ಆ ಬಾಗಿಲನ್ನು ಮುಚ್ಚಿ ಪಡಸಾಲೆಯಿಂದ ಬಾಗಿಲು ಇಟ್ಟರೆ ಆ ತೊಂದರೆ ಇರುವುದಿಲ್ಲ. ನಾನು ಹಾಕಿದ ಅಂದಾಜು ಹಾಗೆ ಮುಚ್ಚಿದ ನಕ್ಷೆಗೆ.

ಬಂದು ಜಾಗ ನೋಡಿಯೇ ಬರೆಯಬೇಕಾದ ಕೆಲಸ ಇದು. ನಾನು ಅಲ್ಲಿಗೆ ಬರುವಂತಿಲ್ಲ ಎನ್ನುವುದು ನಿಮಗೆ ಗೊತ್ತೇ ಇದೆ. ಹಾಗಾಗಿ ಜಾಗದ ನಾಲ್ಕೂ ಬದಿಯ ಅಳತೆಯನ್ನು ಇನ್ನೊಮ್ಮೆ ಹಿಡಿದು ಕಳಿಸಿ.

ಸುಧಾಕರ ಆಸ್ಪತ್ರೆಯ ಲ್ಯಾಬಿನಲ್ಲೇ ಕೆಲಸದಲ್ಲಿದ್ದಾನೆ. ಇಬ್ಬರೂ ಚೆನ್ನಾಗಿದ್ದೇವೆ.

ಸುಜಾತಾ


ಕಮಲಾಪುರ
೫ ಡಿಸೆಂಬರ್ ೨೦೨೪

ಸುಜಾತಾ,

ಅಂದಾಜು ಮುಟ್ಟಿತು. ಸೆಸ್ ಕೊಡುವುದಕ್ಕೆ ನನ್ನದೇನೂ ತಕರಾರಿಲ್ಲ. ಪಡೆದದ್ದನ್ನು ಕೊಟ್ಟಂತಾಯಿತು.

ನೀನು ಹೇಳಿದಂತೆ ಪಂಚಾಯತಿಗೆ ಹೋಗಿದ್ದೆ. ಅಲ್ಲಿಯ ಗುಮಾಸ್ತ ನನ್ನನ್ನು ಬಲ್ಲವನೇ. "ಯಾರ ಮನಿದು ತಂದಿ ದತ್ತಪ್ಪ?" ಅಂದ. ನಂದೇ ಅಂದೆ. "ನೀ ಗೌಂಡಿ ಅಲ್ಲೇನು?" ಅಂದ. "ಗೌಂಡಿಗಿ ಮನಿ ಬ್ಯಾಡೇನ್ರಿ?" ಅಂದೆ. ನನಗೆ ಕೇಳಲಿ ಅಂತ ಅವನು ಒದರಿಯೇ ಮಾತಾಡುತ್ತಿದ್ದ. ಹೀಗಾಗಿ ಹಿಂದೆ ಸಾಲಿನಲ್ಲಿ ನಿಂತವರಿಗೆಲ್ಲ ನಮ್ಮ ಮನೆಯ ನಕ್ಷೆ ಬಾಯಿಪಾಠವಾಯಿತು.

ಅವನೂ ನಿನ್ನ ಮಾತನ್ನೇ ಹೇಳಿದ. "ಇದು ಎರಡು ಮನಿ ಆತಲ್ಲೋ. ಬಾಗಿಲ ಬ್ಯಾರೆ, ಬಚ್ಚಲ ಬ್ಯಾರೆ, ಒಲಿಕಟ್ಟಿ ಬ್ಯಾರೆ. ಬಾಡಿಗಿ ಕೊಡ್ತಿಯೇನು?" ಇಲ್ಲ ಅಂದೆ. ಅವನು ಏನೋ ಅಂದ, ಎಲ್ಲರೂ ನಕ್ಕರು. ನನಗೆ ಕೇಳಲಿಲ್ಲ. ಪಕ್ಕದವನು ಕಿವಿಗೆ ಬಾಯಿಟ್ಟು, "ಈ ವಯಸ್ಸಿನ್ಯಾಗ ಇನ್ನೊಂದು ಸಂಸಾರ ಹೂಡಾವ ಇದ್ದಿಯೇನು ಅಂತ ಕೇಳಾಕತ್ತಾರ ಕಾಕಾ" ಅಂದ ಮೇಲೆ ನಾನೂ ನಕ್ಕೆ. ದರಗಳನ್ನು ಒಂದು ಚೀಟಿಯಲ್ಲಿ ಬರೆಸಿಕೊಂಡು ಬಂದಿದ್ದೇನೆ, ಇದರೊಳಗಿದೆ. ಜಾಗದ ಅಳತೆಯೂ ಇದೆ.

ಕೋಣೆ ಬಾಡಿಗೆಗಲ್ಲ. ಬಾಗಿಲು ಬೆಳಕಿಗೆ ಇಟ್ಟದ್ದು. ಪೂರ್ವದ ಬೆಳಕು ಒಳ್ಳೆಯದು. ಒಲೆಕಟ್ಟೆ ಬೇಕಾದರೆ ತೆಗೆ, ಬಾಗಿಲು ಮುಚ್ಚಬೇಡ. ಬಾಗಿಲು ಇಟ್ಟರೆ ಪರವಾನಗಿಗೆ ಎಷ್ಟಾಗುತ್ತದೆ ಅಂತ ಅದರ ಅಂದಾಜು ಬೇರೆ ಹಾಕಿ ಕಳಿಸು.

ನಿಮ್ಮವ್ವ ಈ ಸಲ ಜೋಳದ ಹಿಟ್ಟಿನ ಹಪ್ಪಳ ಮಾಡಿದಳು. ಬಹಳ ಮಾಡಿದಳು. ಇಬ್ಬರಿಗೆ ಇಷ್ಟು ಯಾಕೆ ಅಂತ ನಾನು ಕೇಳಲಿಲ್ಲ.

ನಿನ್ನ ಅಪ್ಪ,
ದತ್ತಪ್ಪ


ಕಲಬುರಗಿ
೨೦ ಡಿಸೆಂಬರ್ ೨೦೨೪

ಅಪ್ಪನವರಿಗೆ,

ಬೆಳಕಿಗೆ ಯಾರೂ ಬಾಗಿಲು ಇಡುವುದಿಲ್ಲ, ಕಿಟಕಿ ಇಡುತ್ತಾರೆ. ಇದನ್ನು ನನಗೆ ಹೇಳಿಕೊಟ್ಟವರೇ ನೀವು.

ಚೀಟಿಯ ದರ ಹಿಡಿದರೂ ಒಂದು ಬಾಗಿಲಿಗೆ ಮೂವತ್ತಾರು ಸಾವಿರವೇ ಬರುತ್ತದೆ. ನೀವು ಕೇಳಿದಂತೆ ಎರಡು ಬಾಗಿಲಿನ ಅಂದಾಜನ್ನು ಬೇರೆ ಹಾಕಿದ್ದೇನೆ. ಒಲೆಕಟ್ಟೆ ತೆಗೆದರೂ ಹೊರಬಾಗಿಲು ಮತ್ತು ಬಚ್ಚಲು ಬೇರೆ ಇರುವುದರಿಂದ ಅದನ್ನು ಎರಡನೇ ಮನೆ ಎಂದೇ ಹಿಡಿಯುತ್ತಾರೆ. ಅಭಿವೃದ್ಧಿ ಶುಲ್ಕ ಎರಡು ಮನೆಗೆ, ಪರಿಶೀಲನೆ ಎರಡು ಮನೆಗೆ, ನೀರಿನ ಸಂಪರ್ಕ ಎರಡು. ಐವತ್ತಾರು ಸಾವಿರ ಆಗುತ್ತದೆ. ಎರಡು ಅಂದಾಜಿನ ನಡುವೆ ಇರುವ ವ್ಯತ್ಯಾಸ ಆ ಬಾಗಿಲು ಒಂದೇ. ಅಂದರೆ ಬಾಗಿಲಿಗೆ ಇಪ್ಪತ್ತು ಸಾವಿರ. ಮರ, ಬಿಜಾಗರಿ, ಬಡಗಿಯ ಕೂಲಿ ಇದರಲ್ಲಿಲ್ಲ. ಅದೂ ಅಲ್ಲದೆ ಆ ಬದಿಗೆ ಓಡಾಡಲು ಹಾದಿ ಬಿಡಬೇಕು. ಅಷ್ಟು ಅಗಲ ನಿಮ್ಮ ಪಡಸಾಲೆಯಲ್ಲೇ ಕಡಿಮೆಯಾಗುತ್ತದೆ.

ಇನ್ನೊಂದು. ಜಾಗ ಅವ್ವನ ಹೆಸರಿನಲ್ಲಿದೆ. ಅರ್ಜಿಯ ಮೇಲೂ ನಕ್ಷೆಯ ಮೇಲೂ ಅವ್ವನ ಹೆಬ್ಬೆಟ್ಟು ಬೇಕು. ಅವ್ವನಿಗೆ ಈ ಬಾಗಿಲು ಗೊತ್ತಿದೆಯೇ?

ಆಫೀಸಿಗೆ ಬರುವವರಿಗೆ ನಾವು ಮೊದಲು ಕೇಳುವ ಪ್ರಶ್ನೆ ಒಂದೇ: ಇದು ಯಾರಿಗೆ. ಅದು ಗೊತ್ತಾಗದೆ ನಕ್ಷೆ ಬರೆಯಲು ಬರುವುದಿಲ್ಲ. ನಿಮ್ಮನ್ನೂ ಕೇಳುತ್ತಿದ್ದೇನೆ. ಆ ಕೋಣೆ ಯಾರಿಗೆ?

ಸುಜಾತಾ


ಕಮಲಾಪುರ
೪ ಜನವರಿ ೨೦೨೫

ಸುಜಾತಾ,

ನಿನ್ನ ಕಾಗದಕ್ಕೆ ಉತ್ತರ ಬರೆಯಲು ಎರಡು ಸಲ ಕೂತು ಎದ್ದೆ.

ಮೂರು ವರ್ಷದ ಹಿಂದೆ ನೀನೂ ಸುಧಾಕರನೂ ರಿಜಿಸ್ಟರ್ ಮದುವೆ ಮಾಡಿಕೊಂಡು ಮಧ್ಯಾಹ್ನದ ಬಸ್ಸಿಗೆ ಇಲ್ಲಿಗೆ ಬಂದಿರಿ. ನಿಮ್ಮವ್ವ ಒಳಗೆ ನಿಂತಿದ್ದಳು, ನೀವು ಓಣಿಯಲ್ಲಿ ನಿಂತಿದ್ದಿರಿ. "ನನ್ನ ಹೊಸ್ತಿಲಾ ಅವ ದಾಟಂಗಿಲ್ಲ. ಅವನ ಬಿಟ್ಟು ನೀ ಒಬ್ಬಾಕಿ ಬರೂದಿದ್ರ ಬಾ" ಅಂದಳು. ನೀನು ಒಬ್ಬಳೇ ಬರಲಿಲ್ಲ. ಅದೇ ಬಸ್ಸು ತಿರುಗಿ ಹೋಗುವಾಗ ಹತ್ತಿ ಹೋದಿರಿ. ನಾನು ನಡುವೆ ನಿಂತಿದ್ದೆ.

ಅವಳ ಸಿಟ್ಟು ಹುಡುಗನ ಮೇಲಿನದಲ್ಲ. ನೀನು ಹುಟ್ಟಿದಾಗಲೇ ಮಹಾಗಾಂವದ ನಿನ್ನ ಸೋದರಮಾವ, ಇವಳು ನನ್ನ ಮಗ ಕುನಾಲನಿಗೆ ಅಂತ ಹೇಳಿ ಹೋಗಿದ್ದ. ತಂಗಿಯ ಮಗಳ ಮೇಲೆ ಅಣ್ಣನ ಹಕ್ಕು ಅಂತ ನಮ್ಮಲ್ಲಿ ನಡೆದು ಬಂದದ್ದು. ನೀನು ಒಲ್ಲೆ ಅಂದೆ. ಈಗ ಕುನಾಲನಿಗೆ ಮದುವೆಯಾಗಿ ಕೂಸೂ ಆಗಿದೆ, ಅವನಿಗೇನೂ ಸಿಟ್ಟಿಲ್ಲ. ದಾರಿಯಲ್ಲಿ ಸಿಕ್ಕರೆ ಗಾಡಿ ನಿಲ್ಲಿಸಿ ಮಾತಾಡಿಸುತ್ತಾನೆ. ಸಿಟ್ಟಿರುವುದು ಅವನಪ್ಪನಿಗೆ. ನಾಗರ ಪಂಚಮಿಗೆ ತಂಗಿಯನ್ನು ತವರಿಗೆ ಕರೆಯಲು ಬರುವುದನ್ನೇ ಬಿಟ್ಟ. ಪಂಚಮಿ ಬಂದರೆ ನಿಮ್ಮವ್ವ ಬೆಳಿಗ್ಗೆ ತಲೆ ತೊಳೆದುಕೊಂಡು, ಒಳ್ಳೆಯ ಸೀರೆ ಉಟ್ಟು, ಸಂಜೆ ಅದನ್ನು ಮಡಚಿ ಇಡುತ್ತಾಳೆ.

ಅವಳು ಆಡಿದ ಮಾತನ್ನು ಹಿಂದಕ್ಕೆ ತೆಗೆದುಕೊಂಡದ್ದನ್ನು ನಾನು ನೋಡಿಲ್ಲ. ಅದನ್ನು ತೆಗೆಸುವುದು ನನ್ನಿಂದ ಆಗುವ ಕೆಲಸವೂ ಅಲ್ಲ. ಗೋಡೆಯಲ್ಲಿ ಬಾಗಿಲು ಇಡುವುದು ನನ್ನಿಂದ ಆಗುತ್ತದೆ. ಅವಳ ಹೊಸ್ತಿಲು ಅವಳಿಗಿರಲಿ. ನಿಮಗೆ ಬೇರೆ ಹೊಸ್ತಿಲು ಇರಲಿ. ನೀವಿಬ್ಬರೂ ಬಂದು ಆ ಕಡೆಯಿಂದ ಒಳಗೆ ಕೂತರೆ ಅವಳ ಮಾತೂ ಮುರಿಯುವುದಿಲ್ಲ. ನೀವು ಚಹಾ ಮಾಡಿಕೊಳ್ಳಲು ಅಂತ ಒಲೆಕಟ್ಟೆ ಹಾಕಿದ್ದೆ.

ಇನ್ನು ಮಾರ್ಚಿಗೆ ಪಾಯ ತೋಡಬೇಕು. ಚೌಕಟ್ಟು ನಿಲ್ಲಿಸುವ ದಿನ ಹೊಸ್ತಿಲಿಗೆ ಮನೆಯ ಮಗಳು ಅರಿಶಿನ ಹಚ್ಚಬೇಕು. ಮಂದಿಯ ಮನೆಗಳಲ್ಲಿ ಮಗಳು ಬಸ್ಸಿಳಿದು ಬರುವವರೆಗೆ ಸಿಮೆಂಟು ಕಲಸದೆ ಕಾದು ನಿಂತಿದ್ದೇನೆ. ನನ್ನ ಮನೆಗೆ ಯಾರ ಮಗಳನ್ನು ಕರೆಯಲಿ.

ಇಪ್ಪತ್ತು ಸಾವಿರ ಹೆಚ್ಚಲ್ಲ. ಕೊಡುತ್ತೇನೆ. ಬಾಗಿಲು ಇಟ್ಟು ನಕ್ಷೆ ಬರೆ.

ದತ್ತಪ್ಪ


ಕಲಬುರಗಿ
೧೯ ಜನವರಿ ೨೦೨೫

ಅಪ್ಪನವರಿಗೆ,

ನಿಮ್ಮ ಕಾಗದವನ್ನು ಸುಧಾಕರನಿಗೆ ಓದಿ ಹೇಳಿದೆ. ಒಲೆಕಟ್ಟೆಯ ಮಾತು ಬಂದಾಗ, "ಬಾಡಿಗಿ ಎಷ್ಟಂತ ಕೇಳಿಬಿಡು" ಎಂದ. ಆಮೇಲೆ ತಾನೇ ಕಾಗದ ಇಸಕೊಂಡು ಇನ್ನೊಮ್ಮೆ ಓದಿದ. ಮತ್ತೆ ತಮಾಷೆ ಮಾಡಲಿಲ್ಲ.

ನಾನು ನೇರವಾಗಿ ಬರೆಯುತ್ತೇನೆ. ಆ ಬಾಗಿಲಿನಿಂದ ನಾವು ಬರುವುದಿಲ್ಲ.

ಪಕ್ಕದ ಬಾಗಿಲಿನ ನಕ್ಷೆಗಳನ್ನು ನಾನು ಬಹಳ ಬರೆದಿದ್ದೇನೆ. ಅವು ಯಾರಿಗೆ ಎಂದು ನನಗೆ ಚೆನ್ನಾಗಿ ಗೊತ್ತು. ಬಾಡಿಗೆಯವರಿಗೆ, ಇಲ್ಲವೇ ಪಾಲು ಬೇರೆಯಾದ ಅಣ್ಣತಮ್ಮಂದಿರಿಗೆ. ಅಷ್ಟು ದುಡ್ಡು ಕಟ್ಟಿ ಒಳಗೆ ಬಂದು, ಗೋಡೆಯಾಚೆ ಅವ್ವನ ಬಳೆಯ ಸದ್ದು ಕೇಳುತ್ತ ನಾವು ಚಹಾ ಕಾಸಿಕೊಂಡು ಕೂರಬೇಕೇ? ಈಗ ಮೂವತ್ತೈದು ಕಿಲೋಮೀಟರ್ ದೂರದಲ್ಲಿದ್ದೇನೆ, ಆ ದೂರ ತಡೆಯುತ್ತೇನೆ. ಒಂಬತ್ತು ಇಂಚಿನ ಗೋಡೆಯ ದೂರ ತಡೆಯುವುದು ನನ್ನಿಂದಾಗದು.

ಮಾವನ ಮನೆಯವರು ಅವ್ವನನ್ನು ಕರೆಯುತ್ತಿಲ್ಲ ಎನ್ನುವುದು ಗೊತ್ತಿರಲಿಲ್ಲ. ಕುನಾಲನನ್ನು ಒಲ್ಲೆ ಅಂದದ್ದಕ್ಕೆ ನನಗೆ ಇವತ್ತಿಗೂ ಬೇಸರವಿಲ್ಲ. ಅವ್ವ ಸೀರೆ ಮಡಚಿ ಇಡುವುದಕ್ಕೆ ಇದೆ.

ಒಂದು ಬಾಗಿಲಿನ ನಕ್ಷೆಯನ್ನೂ ಮೂವತ್ತಾರು ಸಾವಿರದ ಅಂದಾಜನ್ನೂ ಮತ್ತೆ ಕಳಿಸುತ್ತಿದ್ದೇನೆ. ಪೂರ್ವದ ಕೋಣೆ ಹಾಗೇ ಇದೆ, ಬಾಗಿಲು ಪಡಸಾಲೆಯಿಂದ. ಅವ್ವನ ಮೊಣಕಾಲಿಗೆ ಬಚ್ಚಲು ಹತ್ತಿರವಾಗುತ್ತದೆ. ನನ್ನ ಸಲುವಾಗಿ ಯಾವ ಶುಲ್ಕವನ್ನೂ ಕಟ್ಟಬೇಡಿ.

ಸುಜಾತಾ


ಕಲಬುರಗಿ
೩ ಮಾರ್ಚ್ ೨೦೨೫

ಅಪ್ಪನವರಿಗೆ,

ನಿಮ್ಮ ಉತ್ತರ ಬರಲಿಲ್ಲ. ಫೆಬ್ರುವರಿ ಪೂರ್ತಿ ಶಫಿ ಅಣ್ಣ ಬಾಗಿಲಲ್ಲಿ ಬರಿಗೈ ತೋರಿಸಿ ಹೋಗುತ್ತಿದ್ದರು. ನಿನ್ನೆ ಮಾತ್ರ, "ನಿಮ್ಮಪ್ಪ ಜಾಗದಾಗ ಸುಣ್ಣಾ ಹಾಕಾಕತ್ತಾರ, ಜಲ್ದೀನೇ ಮನಿ ಏಳ್ತದ ಬೇಟಿ" ಎಂದರು.

ದಯವಿಟ್ಟು ಪಾಯ ತೋಡಬೇಡಿ. ಪರವಾನಗಿ ಕೈಗೆ ಬರುವ ಮೊದಲು ನೆಲ ಅಗೆದರೆ ನೋಟಿಸು ಬರುತ್ತದೆ, ದಂಡ ಬೀಳುತ್ತದೆ. ಅದು ಯಾವ ಅಂದಾಜಿನಲ್ಲೂ ಇಲ್ಲ. ಗೌಂಡಿಯಾಗಿದ್ದಾಗ ಅದನ್ನು ಮಾಲೀಕರು ನೋಡಿಕೊಳ್ಳುತ್ತಿದ್ದರು, ಈಗ ನೀವೇ ನೋಡಿಕೊಳ್ಳಬೇಕು. ಯಾವ ನಕ್ಷೆ ಎಂದು ಒಂದು ಸಾಲು ಬರೆಯಿರಿ, ಸಾಕು.

ಸುಜಾತಾ


ಕಮಲಾಪುರ
೯ ಮಾರ್ಚ್ ೨೦೨೫

ಸುಜಾತಾ,

ನೆಲ ಅಗೆದಿಲ್ಲ. ಪಾಯದ ಗುರುತಿಗೆ ಸುಣ್ಣದ ಗೆರೆ ಮಾತ್ರ ಹಾಕಿದ್ದೆ. ಅಲ್ಲಿ ಒಂದು ತಪ್ಪು ಮಾಡಿದೆ.

ನಿನ್ನ ಮಾತು ನನಗೆ ಒಪ್ಪಿಗೆಯಾಗಲಿಲ್ಲ. ಬಾಗಿಲು ಇಟ್ಟುಬಿಟ್ಟರೆ ಒಂದು ದಿನ ಬಂದೇ ಬರುತ್ತೀರಿ ಅಂದುಕೊಂಡು ನನ್ನ ನಕ್ಷೆಯಂತೆಯೇ ಗೆರೆ ಹಾಕಿದೆ. ಗೆರೆ ಹಾಕುವಾಗ ಬಾಗಿಲು ಬರುವಲ್ಲಿ ಸುಣ್ಣ ಹಾಕದೆ ಜಾಗ ಬಿಡುವುದು ಕೈಗೆ ಬಿದ್ದ ರೂಢಿ. ಬಿಟ್ಟೆ. ನಿಮ್ಮವ್ವ ಇಪ್ಪತ್ತು ವರ್ಷ ನನ್ನ ಜೊತೆಗೇ ಉಸುಕು ಹೊತ್ತವಳು, ಸುಣ್ಣದ ಗೆರೆಯನ್ನು ನಾನು ಪೇಪರ್ ಓದಿದಷ್ಟು ಸಲೀಸಾಗಿ ಓದುತ್ತಾಳೆ ಎಂಬುದು ನೆನಪಾಗಲಿಲ್ಲ.

ಮಧ್ಯಾಹ್ನ ರೊಟ್ಟಿ ತಂದಳು. ಗಂಟು ಕೆಳಗಿಟ್ಟು ಗೆರೆ ಹಿಡಿದು ಒಂದು ಸುತ್ತು ನಡೆದಳು. ಪೂರ್ವದ ಬದಿಗೆ ನಿಂತಳು.

"ಇಲ್ಲಿ ಗೆರಿ ಯಾಕ ಕಡದದ?"

"ಸುಣ್ಣಾ ತೀರಿತ್ತು."

"ಬುಟ್ಟ್ಯಾಗ ಅರ್ಧ ಅದ ಅಲ್ಲ."

ನಾನು ಕಿವಿ ಕೇಳದವನಂತೆ ಆ ಕಡೆ ನೋಡಿದೆ. ಅವಳು ಮುಂದೆ ಬಂದು ನಿಂತು, ಬಾಯಿ ಕಾಣುವಂತೆ ಹೇಳಿದಳು.

"ಮೂರು ಫೂಟು ಬಿಟ್ಟಿ. ಕಿಟಕಿಗಿ ಯಾರೂ ಗೆರಿ ಬಿಡಂಗಿಲ್ಲ. ಯಾರಿಗಿದು?"

"ನಿನಗ ಗೊತ್ತದ."

"ಎಷ್ಟ್ ಬೀಳ್ತದ ಇದಕ್ಕ?" ಅಂದಳು. ಇಪ್ಪತ್ತು ಸಾವಿರ ಅಂದೆ.

"ಬಾಗಿಲಿಗಾ? ಯಾತರದ್ದು, ಗಂಧದ್ದೇನು?"

"ಬಾಗಿಲಿಗಲ್ಲ. ಪರ್ಮಿಷನ್ನಿಗಿ."

"ಇಪ್ಪತ್ತು ಸಾವಿರ ಕೊಟ್ಟು ಮಗಳನ್ನ ಕಳ್ಳರಂಗ ಒಳಗ ತರಾವ ನೀ. ಆಕಿಗಿ ಗೊತ್ತದೇನು ಇದು?"

"ಗೊತ್ತದ. ಒಲ್ಲೆ ಅಂದಾಳ. ಬಾಡಿಗಿಯವರಂಗ ಬರಂಗಿಲ್ಲಂತ."

"ನನ್ನ ಮಗಳು" ಅಂದಳು. ಸಿಟ್ಟಿನಿಂದ ಅಂದಳೋ ಮತ್ತೆ ಹೇಗೆ ಅಂದಳೋ ತಿಳಿಯಲಿಲ್ಲ. ನನ್ನ ಕಿವಿಗೆ ಮಾತು ಅಷ್ಟಿಷ್ಟು ಬೀಳುತ್ತದೆ, ದನಿಯ ಏರಿಳಿತ ಬೀಳುವುದಿಲ್ಲ.

ರೊಟ್ಟಿ ನಾನೊಬ್ಬನೇ ಉಂಡೆ. ಮರುದಿನ ಬೆಳಿಗ್ಗೆ ಹೋಗಿ ನೋಡಿದರೆ ಆ ಮೂರು ಫೂಟಿನಲ್ಲಿ ಸುಣ್ಣ ಬಿದ್ದಿತ್ತು. ಗೆರೆ ಕೂಡಿತ್ತು. ಇದರ ಅರ್ಥ ನನಗಾಗಲಿಲ್ಲ. ಕೇಳಲೂ ಇಲ್ಲ. ನಿನ್ನ ಒಂದು ಬಾಗಿಲಿನ ನಕ್ಷೆಯೇ ಇರಲಿ.

ದತ್ತಪ್ಪ


ಕಮಲಾಪುರ
೧೬ ಮಾರ್ಚ್ ೨೦೨೫

ಸುಜಾತಾ ಅಕ್ಕನಿಗೆ,

ನಾನು ಬಿಸ್ಮಿಲ್ಲಾ. ನಿಮ್ಮ ಅಪ್ಪ ಅವ್ವ ಇರುವ ಮನೆಯ ಪಕ್ಕದಲ್ಲಿ ಹೊಲಿಗೆ ಕೆಲಸ ಮಾಡುತ್ತೇನೆ. ನಿಮ್ಮ ಅವ್ವ ಗುಂಡಮ್ಮ ಕಾಕು ಹೇಳುತ್ತಿದ್ದಾರೆ, ನಾನು ಬರೆಯುತ್ತಿದ್ದೇನೆ. ಹೇಳಿದ್ದನ್ನು ಹೇಳಿದಂತೆಯೇ ಬರಿ, ಪುಸ್ತಕದ ಮಾತು ಸೇರಿಸಬೇಡ ಎಂದಿದ್ದಾರೆ. ಇನ್ನು ಮುಂದೆ ಅವರ ಮಾತು.

ಸುಜೀ, ನಿಮ್ಮಪ್ಪ ನಾಕ್ ತಿಂಗಳಿಂದ ಶಫಿ ಕೈಯಾಗ ಕಾಗದ ಕಳಸಾಕತ್ತಾನ. ನನಗ ಗೊತ್ತಿಲ್ಲಂತ ತಿಳಕೊಂಡಾನ. ಬಾಳಿಹಣ್ಣಿನ ಗಾಡಿ ನಮ್ಮ ಮನಿ ಮುಂದ ನಿಂತ್ರ ಹಣ್ಣರ ಇಳೀಬೇಕು, ಮಂದಿಯರ ಇಳೀಬೇಕು. ಏನೂ ಇಳೀಲಾರದ ಹಾರ್ನ್ ಹೊಡದು ಹೋದ್ರ ನನಗೇನು ಕಿವಿ ಇಲ್ಲೇನು. ಕಿವಿ ಹೋದದ್ದು ಅವಂದು.

ಗೆರಿ ನಾನೇ ತುಂಬೀನಿ. ನನಗ ಎರಡು ಬಾಗಿಲಿನ ಮನಿ ಬ್ಯಾಡ. ಗುಂಡಮ್ಮ ಹೊಟ್ಟ್ಯಾಗಿನ ಮಗಳನ್ನ ಬಾಡಿಗಿಗಿ ಇಟ್ಟಾಳ ಅಂತ ಓಣಿ ಮಂದಿ ಆಡಿಕೊಳ್ಳೂದು ಬ್ಯಾಡ. ಅದಕ್ಕ ಮ್ಯಾಲ ಇಪ್ಪತ್ತು ಸಾವಿರ ದಂಡ ಬ್ಯಾರೆ.

ನಮ್ಮಣ್ಣ ಮೂರು ಪಂಚಮಿ ಆತು ಕರೀಲಿಕ್ಕಿ ಬಂದಿಲ್ಲ. ಬಸ್ಸು ಮಹಾಗಾಂವ ಕ್ರಾಸಿಗಿ ನಿಂತ್ರ ನಾ ಆ ಕಡಿ ಮಾರಿ ಮಾಡಂಗಿಲ್ಲ. ಅದು ನಿನ್ನ ಸಲುವಾಗಿ ಆದದ್ದು. ನಾ ಮರ್ತಿಲ್ಲ, ಮರಿಯಂಗೂ ಇಲ್ಲ. ಆದ್ರ ಬಾಗಿಲ ಮುಚ್ಚಿದ್ರ ಹೊರಗ ನಿಂತಾಕಿಗಿ ಹ್ಯಾಂಗಾಗ್ತದ ಅಂಬೂದು ನನಗ ಗೊತ್ತದ. ಇದರ ಮ್ಯಾಲ ಹೆಚ್ಚಿಗಿ ಬರೀಬ್ಯಾಡ ಅಂತ ಬಿಸ್ಮಿಲ್ಲಾಗ ಹೇಳೀನಿ.

ಈಗ ಕೆಲಸದ ಮಾತು ಕೇಳು. ನನ್ನ ಹೊಸ್ತಿಲಾ ಅವ ದಾಟಂಗಿಲ್ಲ ಅಂತ ಅಂದೀನಿ. ಅಂದದ್ದು ಅಂದೀನಿ, ಹಿಂದಕ್ಕ ತಗೊಳ್ಳಂಗಿಲ್ಲ. ಆದ್ರ ಹೊಸ ಮನಿಗಿ ಇನ್ನಾ ಹೊಸ್ತಿಲಾ ಕೂತಿಲ್ಲ. ಕೂಡಸೂ ದಿನ ಚೌಕಟ್ಟ ಹಿಡಿಯಾಕ ಹೊರಗೊಬ್ರು ಒಳಗೊಬ್ರು ಬೇಕಾಗ್ತಾರ. ಹೊರಗ ನಿಮ್ಮಪ್ಪ ನಿಂದರ್ತಾನ. ಒಳಗ ನಿನ್ನ ಗಂಡ ನಿಂದರ್ಲಿ. ಅವ ಒಳಗ ನಿಂತು ಹಿಡದಾಗ ಹೊಸ್ತಿಲಾ ಕೂಡಲಿ, ನೀ ಅರಿಶಿಣಾ ಹಚ್ಚು. ಮೊದಲೇ ಒಳಗ ಇದ್ದಾಂವ ದಾಟಿ ಬಂದಾನಂತ ಯಾರ ಅಂತಾರ?

ಹೊರಗ ಹೋಗಿ ಮತ್ತ ಬರಬೇಕಾದ್ರ ಏನ್ ಮಾಡೂದಂತ ನಿಮ್ಮಪ್ಪ ಈಗ ಬಾಜೂಕ ಕೂತು ಕೇಳಾಕತ್ತಾನ. ಚೌಕಟ್ಟ ಅಷ್ಟೇ ನಿಂತಿರ್ತದ, ಗೋಡಿ ಎಲ್ಲಿರ್ತಾವ? ಬಾಜೂಕಿಂದ ಹೋಗ್ಲಿ, ಬಾಜೂಕಿಂದ ಬರ್ಲಿ. ಅಲ್ಲಿ ಹೊಸ್ತಿಲಿಲ್ಲ. ಗೋಡಿ ಎದ್ದ ಮ್ಯಾಲಿಂದು ಎದ್ದ ಮ್ಯಾಲ ನೋಡೂಣು.

ನಕ್ಷಾ ಕಳಸು, ಹೆಬ್ಬಟ್ಟ ಒತ್ತತೀನಿ. ಪೂರ್ವದ ಕ್ವಾಣಿ ಇರಲಿ.

ಗುಂಡಮ್ಮ ಹೇಳಿದ್ದು, ಬಿಸ್ಮಿಲ್ಲಾ ಬರೆದದ್ದು. ಅಕ್ಕಾ, ಕಾಕು ಇದನ್ನು ಎರಡು ಸಲ ಓದಿಸಿ ಕೇಳಿದರು. ಎರಡನೇ ಸಲ ತಪ್ಪು ಹುಡುಕುತ್ತಿರಲಿಲ್ಲ, ಸುಮ್ಮನೆ ಕೇಳಿದರು.


ಕಲಬುರಗಿ
೨೭ ಏಪ್ರಿಲ್ ೨೦೨೫

ಅವ್ವಾ,

ನಿನಗೆ ಕಾಗದ ಬರೆಯುವುದು ಇದೇ ಮೊದಲು. ಬಿಸ್ಮಿಲ್ಲಾ ಓದುತ್ತಾಳೆ ಎಂದು ಗೊತ್ತು. ಅಪ್ಪನಿಗೂ ಕೇಳುವಂತೆ ಅವರ ಬಲಗಿವಿಯ ಕಡೆ ಕೂತು ಓದಲು ಹೇಳು.

ನಿಮ್ಮ ಮನೆಯ ಪರವಾನಗಿ ಬಂದಿದೆ. ನಿನ್ನ ಹೆಬ್ಬೆಟ್ಟು ಸ್ಪಷ್ಟವಾಗಿ ಬಿದ್ದಿತ್ತು, ಕಡತ ಎಲ್ಲೂ ನಿಲ್ಲಲಿಲ್ಲ. ಒಟ್ಟು ಮೂವತ್ತೇಳು ಸಾವಿರದ ಎರಡು ನೂರು ಆಯಿತು. ನನ್ನ ಅಂದಾಜಿಗಿಂತ ಒಂದು ಸಾವಿರದ ಚಿಲ್ಲರೆ ಹೆಚ್ಚು. ನೀರಿನ ಠೇವಣಿಯನ್ನು ನಾನು ಕಡಿಮೆ ಹಿಡಿದಿದ್ದೆ. ರಸೀದಿಗಳೂ ಮಂಜೂರಾದ ನಕ್ಷೆಯೂ ಶಫಿ ಅಣ್ಣನ ಕೈಯಲ್ಲಿ ಬರುತ್ತವೆ. ಈ ಸಲ ಅವರು ಹಾರ್ನ್ ಹೊಡೆದು ಹೋಗುವುದಿಲ್ಲ, ಒಳಗೆ ಬಂದು ಕೊಡುತ್ತಾರೆ. ಚಹಾ ಮಾಡು.

ಇನ್ನು ಅಪ್ಪ ಪಾಯ ತೋಡಬಹುದು. ಚೌಕಟ್ಟು ನಿಲ್ಲಿಸುವ ದಿನ ಯಾವುದೆಂದು ಬರೆಸು. ನಾವಿಬ್ಬರೂ ಮುಂಜಾನೆಯ ಬಸ್ಸಿಗೇ ಬರುತ್ತೇವೆ.

ನಿನ್ನ ಕಾಗದವನ್ನು ಸುಧಾಕರ ತಾನೇ ಓದಿದ. ಗೋಡೆಯ ಮಾತಿಗೆ ಬಂದು ನಿಂತ. "ಗೋಡಿ ಏಳಾಕ ಎಷ್ಟ್ ದಿನ ಬೇಕು?" ಎಂದು ಕೇಳಿದ. ಅಪ್ಪನ ಕೈಯಾದರೆ ಒಂದು ತಿಂಗಳೂ ಬೇಡ ಎಂದೆ. ಅವನು ಬೆರಳು ಮಡಚಿ ಅಷ್ಟರೊಳಗೆ ಸಿಗುವ ತನ್ನ ರಜೆಗಳನ್ನು ಎಣಿಸಿಕೊಂಡ.

ಪರವಾನಗಿಯ ಅವಧಿ ಎರಡು ವರ್ಷ ಇದೆ, ಅವ್ವಾ. ಗೋಡೆಗೆ ಅವಸರ ಮಾಡಬೇಡ ಎಂದು ಅಪ್ಪನಿಗೆ ಹೇಳು.

ನಿನ್ನ
ಸುಜಿ